ಗಾರ್ಡ್ ಸಾಬರು ಬರೆಸಿದ ಆಟದ ಪುಸ್ತಕ

ಶ್ರೇಯಾ, ವಿನಾಯಕ,

ನಿಮಗಿಬ್ಬರಿಗೂ ಕನ್ನಡ ಓದಲು ಬರುತ್ತದೆ, ಆದರೆ ಇನ್ನೂ ಬೆರಳಿಟ್ಟು ಓದುತ್ತೀರಿ. ಅದಕ್ಕೇ ಅಕ್ಷರ ದೊಡ್ಡದು ಮಾಡಿ, ಒಂದು ಸಾಲು ಬಿಟ್ಟು ಒಂದು ಸಾಲು ಬರೆಯುತ್ತಿದ್ದೇನೆ. ಮೇಲಿನ ಮಹಡಿಯ ಗಾರ್ಡ್ ಸಾಬರು ತೀರಿಕೊಂಡ ದಿನ ನಾನು ಅಡುಗೆಮನೆಯಲ್ಲಿ ಕೂತು ಅತ್ತೆ. "ಆಯಿ, ಅವರು ನಮಗೇನು ಆಗಬೇಕು, ನೀ ಇಷ್ಟ್ಯಾಕ ಅಳಾಕತ್ತಿ?" ಎಂದು ಶ್ರೇಯಾ ಕೇಳಿದಳು. ನಾನು ಬೆಳ್ಳುಳ್ಳಿ ಸುಲಿಯತೊಡಗಿದೆ. ಎದುರಿಗೆ ಕೂರಿಸಿಕೊಂಡು ಹೇಳುವುದು ನಿಮ್ಮ ಈ ಅಜ್ಜಿಯಿಂದ ಆಗದ ಕೆಲಸ. ಬರೆದರೆ ಆಗುತ್ತದೆಯೋ ನೋಡುತ್ತೇನೆ.

ಅವರ ಹೆಸರು ಬರೆಯುವುದಿಲ್ಲ. ಆ ಹಕ್ಕು ನನಗಿಲ್ಲ. ಸಿಕಂದರಾಬಾದ್ ಬಳಿಯ ಉಪ್ಪಲ್‌ನ ನಮ್ಮ ಈ ಕಟ್ಟಡದಲ್ಲಿ ಎಲ್ಲರೂ ಅವರನ್ನು ಗಾರ್ಡ್ ಸಾಬ್ ಎಂದೇ ಕರೆಯುತ್ತಿದ್ದರು. ವಾಡಿ ಜಂಕ್ಷನ್ ಕಡೆಯವರು. ಮೂವತ್ತೆಂಟು ವರ್ಷ ರೈಲ್ವೆ ಗಾರ್ಡ್ ಆಗಿ ಗೂಡ್ಸ್ ಗಾಡಿಯ ಕಟ್ಟಕಡೆಯ ಡಬ್ಬಿಯಲ್ಲಿ ಕೂತು ಊರೂರು ತಿರುಗಿದವರು. ಹೊಸದಾಗಿ ಬಾಡಿಗೆಗೆ ಬಂದವರಲ್ಲಿ ಕೆಲವರು ಅವರನ್ನು ಕಟ್ಟಡದ ವಾಚ್‌ಮನ್ ಎಂದುಕೊಂಡು ಕಾರಿನ ಹಾರ್ನ್ ಹೊಡೆಯುತ್ತಿದ್ದರು. ಅವರು ಎದ್ದು ಹೋಗಿ ಗೇಟು ತೆಗೆದು, ಕಾರು ಪೂರಾ ಒಳಗೆ ಬಂತೋ ಇಲ್ಲವೋ ನೋಡಿ, ಮತ್ತೆ ಗೇಟು ಹಾಕಿ ಬರುತ್ತಿದ್ದರು. "ನೀವ್ಯಾಕ ತೆಗೀತೀರಿ?" ಎಂದು ನಿಮ್ಮ ಅಮ್ಮ ಒಮ್ಮೆ ಕೇಳಿದಳು. "ತಂಗೀ, ಜೀವನಪೂರ್ತಿ ಹಿಂದ ನಿಂತು ಮುಂದಿನವರಿಗೆ ಹಸಿರು ಝಂಡಿ ತೋರಿಸೀನಿ. ಗೇಟು ಯಾವ ಲೆಕ್ಕ?" ಎಂದು ನಕ್ಕರು.

ಅವರಿಗೊಂದು ರೂಢಿ ಇತ್ತು. ಯಾರ ಮನೆಯಿಂದ ಹೊರಡುವಾಗಲೂ ಹೊಸ್ತಿಲಲ್ಲಿ ನಿಂತು ತಿರುಗಿ, ಈ ಗೋಡೆಯಿಂದ ಆ ಗೋಡೆಯವರೆಗೆ ಕೋಣೆಯನ್ನೊಮ್ಮೆ ನಿಧಾನಕ್ಕೆ ನೋಡುತ್ತಿದ್ದರು. ಗಾಡಿಯ ಒಂದು ಡಬ್ಬಿಯೂ ಕಳಚಿ ಹಿಂದೆ ಉಳಿದಿಲ್ಲ ಎಂದು ಖಾತ್ರಿ ಮಾಡಿಕೊಳ್ಳುವುದು ಗಾರ್ಡ್‌ನ ಕೆಲಸವಂತೆ. ಮನೆಯಲ್ಲಿದ್ದವರನ್ನೆಲ್ಲ ಕಣ್ಣಲ್ಲೇ ಎಣಿಸಿ, "ಎಲ್ಲಾ ಬರೋಬ್ಬರಿ ಐತಿ" ಎಂದು ಚಪ್ಪಲಿ ಮೆಟ್ಟುತ್ತಿದ್ದರು.

ಅವರ ಮನೆಯೇ ಬರೋಬ್ಬರಿ ಇರಲಿಲ್ಲ. ಮಗ ಔಷಧಿ ಮಾರುವ ಕೆಲಸದಲ್ಲಿದ್ದ. ಸೊಸೆ ತನ್ನ ಮಗಳನ್ನು ಕರೆದುಕೊಂಡು ಸಿಕಂದರಾಬಾದಿನ ತವರಿಗೆ ಹೋಗಿಬಿಟ್ಟಿದ್ದಳು. ನಿಮ್ಮವರು ಯಾರೂ ಫೋನ್ ಕೂಡ ಮಾಡಬಾರದು ಎಂದು ಹೇಳಿ ಹೋಗಿದ್ದಳು. ಆ ಸೊಸೆಯನ್ನು ಅವರು ಒಂದು ದಿನವೂ ಬೈದದ್ದನ್ನು ನಾನು ಕೇಳಿಲ್ಲ. "ನನ್ನ ಮಗ ಕೈ ಎತ್ತತಿದ್ದ ವೈನಿ. ನಾ ಹೊರಗಿನ ಕೋಣ್ಯಾಗ ಕುಂತು ಪೇಪರ್ ಓದತಿದ್ದೆ. ಆಕಿ ನನ್ನ ಹೆಸರೂ ಸೇರಿಸಿ ಹೊಡದು ಹಾಕಿದ್ದು ಸರೀನ ಐತಿ" ಎಂದರು. ನಾನು ಚಹಾದ ಲೋಟ ಮುಂದಕ್ಕೆ ಸರಿಸಿದೆ. ಅದಾದ ಮೇಲೆ ಮಗ ಬೇರೆ ಊರು ಹಿಡಿದ. ಇವರು ನಮ್ಮ ಕಟ್ಟಡದ ಮೇಲಿನ ಒಂದು ಕೋಣೆಗೆ ಬಂದರು.

ಒಂದು ಶನಿವಾರ ಸಂಜೆ ಅವರು ಒಂದು ಹಳೆಯ ಟ್ಯಾಬ್ ಹಿಡಿದುಕೊಂಡು ನಮ್ಮ ಬಾಗಿಲಿಗೆ ಬಂದದ್ದು ನಿಮಗೆ ನೆನಪಿರಬೇಕು. ಅದು ಮೊಮ್ಮಗಳದು. ಅವಸರದಲ್ಲಿ ಹೊರಟಾಗ ಬಿಟ್ಟು ಹೋಗಿದ್ದಳು. ಚಾರ್ಜರ್ ಇರಲಿಲ್ಲ. ವಿನಾಯಕ, ನೀನು ನಿನ್ನ ಚಾರ್ಜರ್ ಹಚ್ಚಿ, ನಮ್ಮ ವೈಫೈ ಕೊಟ್ಟೆ. ಸ್ವಲ್ಪ ಹೊತ್ತಿಗೆ ಟಿಣ್ ಟಿಣ್ ಎಂದಿತು. ಪರದೆಯ ಮೇಲೆ ಒಂದು ಹಳದಿ ಗಿಳಿ ಗೊಂಬೆ ರೆಕ್ಕೆ ಬಡಿಯುತ್ತಿತ್ತು.

"ಮುತ್ಯಾ, ಇದು ಆಟ. ನಿಮ್ಮ ಮೊಮ್ಮಗಳು ನಿಮ್ಮನ್ನ ಕರ್ಯಾಕತ್ತಾಳ" ಎಂದೆ ನೀನು.

ಮನೆಯಲ್ಲಿದ್ದಾಗ ಅವಳೇ ತಾತನಿಗೂ ಒಂದು ಗೊಂಬೆ ಮಾಡಿಟ್ಟಿದ್ದಳಂತೆ. ನೀಲಿ ಬಣ್ಣದ್ದು, ಟೊಪ್ಪಿಗೆ ಇಲ್ಲದ್ದು. ಈಗ ಆ ಮನೆಯಲ್ಲಿ ಪ್ರತಿ ಶನಿವಾರ ಐದು ಗಂಟೆಗೆ ಅವಳಿಗೆ ಮಾಮನ ಟ್ಯಾಬಿನಲ್ಲಿ ಒಂದು ತಾಸು ಆಡಲು ಬಿಡುತ್ತಿದ್ದರು. ಆಗೆಲ್ಲ ಆ ನೀಲಿ ಗೊಂಬೆಯನ್ನು ಕರೆಯುತ್ತಲೇ ಇದ್ದಳು. ಎಷ್ಟು ಶನಿವಾರ ಕರೆದಿದ್ದಳೋ. ಟ್ಯಾಬ್ ಟ್ರಂಕಿನಲ್ಲಿ ಸತ್ತು ಮಲಗಿತ್ತು.

ಅವತ್ತಿನಿಂದ ಶನಿವಾರ ಐದಕ್ಕೆ ಹತ್ತು ನಿಮಿಷ ಇರುವಾಗ ಗಾರ್ಡ್ ಸಾಬರು ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು, ನಮ್ಮ ಪಡಸಾಲೆಯ ಪ್ಲಾಸ್ಟಿಕ್ ಕುರ್ಚಿಯಲ್ಲಿ ಬಂದು ಕೂರುತ್ತಿದ್ದರು. ಆ ಆಟ ನಿಮಗೆ ಗೊತ್ತೇ ಇದೆ. ದೊಡ್ಡವರಾದ ಮೇಲೆ ಮರೆತಿದ್ದರೆ ಎಂದು ಬರೆಯುತ್ತೇನೆ. ಮೂವತ್ತು ಗೊಂಬೆಗಳು ಒಟ್ಟಿಗೆ ನಿಲ್ಲುತ್ತವೆ. ಒಂದರ ಹಿಂದೊಂದು ಐದು ಸಣ್ಣ ಸಣ್ಣ ಆಟಗಳು. ಅದಕ್ಕೆ ಸುತ್ತು ಅನ್ನುತ್ತೀರಿ. ಪ್ರತಿ ಸುತ್ತಿನಲ್ಲೂ ಕೆಲವರು ಬಿದ್ದು ಹೋಗುತ್ತಾರೆ. ಕೊನೆಗೆ ಉಳಿದವರಿಗೆ ಕಿರೀಟ.

ಗಾರ್ಡ್ ಸಾಬರಿಗೆ ಕಿರೀಟ ಬೇಕಿರಲಿಲ್ಲ. ಮೊಮ್ಮಗಳ ಗಿಳಿ ಎಷ್ಟು ಸುತ್ತು ಇರುತ್ತದೋ ಅಷ್ಟು ಸುತ್ತು ಅದರ ಪಕ್ಕದಲ್ಲಿ ಇರಬೇಕಿತ್ತು, ಅಷ್ಟೇ. ಅವರಿಗೆ ಕೈ ನಡುಗುವ ಕಾಯಿಲೆ. ಓಟ ಶುರುವಾಗುವ ಮೊದಲೇ ಅವರ ನೀಲಿ ಗೊಂಬೆ ಗೆರೆಯ ಮೇಲೆ ನಿಂತು ಥರಥರ ನಡುಗುತ್ತಿತ್ತು. ಮೊದಲ ಸುತ್ತಿನಲ್ಲೇ ಹೊಂಡಕ್ಕೆ ಬೀಳುತ್ತಿತ್ತು. ಗಿಳಿ ಒಂದು ಸಲ ಹಿಂತಿರುಗಿ ಕೈ ಬೀಸಿ ಮುಂದೆ ಹೋಗುತ್ತಿತ್ತು. ಇವರು ಕನ್ನಡಕ ತೆಗೆದು ಒರೆಸಿಕೊಳ್ಳುತ್ತಿದ್ದರು.

"ಮುತ್ಯಾ, ನೀವು ಗೊಂಬಿ ಆಡಸಾಕತ್ತೀರೋ, ಗೊಂಬೀಗೆ ಚಳಿಜ್ವರ ಬಂದೈತೋ?" ಎಂದು ವಿನಾಯಕ ನಗುತ್ತಿದ್ದ.

"ನಗು ಮಗನಾ. ನಿನ್ನ ಗೊಂಬಿ ಮುಂದ್ ಓಡತೈತಿ, ಎಂಜಿನ್ ಅದು. ನನ್ನದು ಗಾರ್ಡ್ ಡಬ್ಬಿ."

ಆಮೇಲೆ ಅವರು ಕೋಠಿ ಬಜಾರಿಗೆ ಹೋಗಿ ಗಟ್ಟಿ ರಟ್ಟಿನ ಉದ್ದನೆಯ ನೋಟ್‌ಬುಕ್ ತಂದರು. "ವೈನಿ, ನನ್ನ ಅಕ್ಷರ ನನಗ ಓದಾಕ ಬರೂದಿಲ್ಲ. ನೀವು ಊರ ಸಾಲ್ಯಾಗ ಕಲತವರು, ನಿಮ್ಮ ಅಕ್ಷರ ಮುತ್ತಿನಂಗ ಐತಿ. ನಾ ಹೇಳತೀನಿ, ನೀವು ಬರೀರಿ" ಎಂದರು. ನಾನು ಏಳನೆಯ ಇಯತ್ತೆವರೆಗೆ ಕಲಿತವಳು. ನಿಮ್ಮ ಅಜ್ಜ ಹೋದ ಮೇಲೆ ಹಾಲಿನವನ ಚೀಟಿ ಬಿಟ್ಟರೆ ಏನೂ ಬರೆದಿರಲಿಲ್ಲ. ನನ್ನ ಅಕ್ಷರದ ಬಗ್ಗೆ ಯಾರಾದರೂ ಮಾತಾಡಿ ಎಷ್ಟು ವರ್ಷವಾಗಿತ್ತೋ. ಪೆನ್ನು ತೆಗೆದುಕೊಂಡೆ.

ಪ್ರತಿ ಸುತ್ತಿಗೂ ಅವರು ಮೂರು ಸಾಲು ಹೇಳುತ್ತಿದ್ದರು: ಹೆಸರು, ಅಪಾಯ, ಉಪಾಯ. ರೈಲಿನ ನಿಯಮದ ಪುಸ್ತಕ ಹಾಗೇ ಇರುತ್ತಿತ್ತಂತೆ. ನಿಂತುಕೊಂಡು, ಕೈ ಹಿಂದೆ ಕಟ್ಟಿಕೊಂಡು, ಪುಸ್ತಕದ ಭಾಷೆಯಲ್ಲೇ ಹೇಳುತ್ತಿದ್ದರು. ಈಗ ನನ್ನ ಮುಂದೆಯೇ ಇದೆ, ನೋಡಿ ಬರೆಯುತ್ತೇನೆ.

"ಬಾಗಿಲ ಓಟ. ಅಪಾಯ: ಸಾಲಾಗಿ ಬಾಗಿಲುಗಳಿರುತ್ತವೆ, ಕೆಲವು ಬರಿ ಗೋಡೆ. ಉಪಾಯ: ಮೊದಲು ಓಡಬಾರದು. ಅವಸರದವರು ಮೂಗು ಒಡೆದುಕೊಳ್ಳಲಿ. ಯಾರು ಪಾರಾದರೋ ಅವರ ಬೆನ್ನು ನೋಡಿಕೊಂಡು ಹೋಗಬೇಕು."

"ಬಣ್ಣದ ಚಾಪೆ. ಅಪಾಯ: ಕೂಗಿದ ಬಣ್ಣದ ಚಾಪೆ ಮಾತ್ರ ಉಳಿಯುತ್ತದೆ, ಉಳಿದವು ಕುಸಿಯುತ್ತವೆ. ಉಪಾಯ: ನಾಲ್ಕು ಬಣ್ಣ ಕೂಡುವ ಮೂಲೆಯಲ್ಲಿ ನಿಲ್ಲಬೇಕು."

ಚಾಪೆಯ ಸುತ್ತಿನಲ್ಲಿ ಮಾತ್ರ ಅವರು ಸೋಲುತ್ತಿರಲಿಲ್ಲ. ಕೆಂಪು ಹಸಿರು ನೋಡಿಯೇ ಸವೆದ ಕಣ್ಣು. ಉದುರುವ ಹೆಂಚಿನ ಸುತ್ತಿನಲ್ಲೂ ಒಂದು ಚಮತ್ಕಾರ ನಡೆಯಿತು. ಅದರಲ್ಲಿ ಒಂದೇ ಹೆಂಚಿನ ಮೇಲೆ ನಿಂತರೆ ಅದು ಕಳಚುತ್ತದೆ, ಪುಟಪುಟ ಸರಿಯುತ್ತಲೇ ಇರಬೇಕು. ಅವರ ಹೆಬ್ಬೆರಳು ತಾನಾಗಿಯೇ ನಡುಗಿ ಗೊಂಬೆಯನ್ನು ಸರಿಸುತ್ತಿತ್ತು. ನಿಮ್ಮಿಬ್ಬರ ಗೊಂಬೆಗಳೂ ಬಿದ್ದ ಮೇಲೆ ಅವರದ್ದು ಮೇಲೆಯೇ ಇತ್ತು. "ಡಾಕ್ಟರಿಗೆ ಹೇಳಬೇಕ್ರಿ, ಔಷಧ ಬ್ಯಾಡ ಅಂತ" ಎಂದರು. ನಾನೂ ನಕ್ಕೆ.

ಬಾಲದ ಸುತ್ತು ಅವರನ್ನು ಬಹಳ ಗೋಳು ಹೊಯ್ದುಕೊಂಡಿತು. ಅರ್ಧ ಗೊಂಬೆಗಳಿಗೆ ಬಾಲ ಇರುತ್ತದೆ, ಅರ್ಧಕ್ಕೆ ಇರುವುದಿಲ್ಲ. ಗಂಟೆ ಹೊಡೆಯುವಾಗ ಬಾಲ ಇದ್ದವರು ಉಳಿಯುತ್ತಾರೆ. ಇಲ್ಲದವರು ಕಸಿದುಕೊಳ್ಳಬೇಕು. "ಮಂದೀದು ಕಸಗೊಳ್ಳೂದು ನನಗ ಆಗೂದಿಲ್ರಿ" ಎಂದು ಕೈಕಟ್ಟಿ ಕೂರುತ್ತಿದ್ದರು. ಒಂದು ಶನಿವಾರ ಗಿಳಿ ಬಂದು ತನ್ನ ಬಾಲ ಇವರ ಕಡೆ ಮಾಡಿ ನಿಂತುಕೊಂಡಿತು. ತೆಗೆದುಕೋ ಎನ್ನುವ ಹಾಗೆ ಎರಡು ಸಲ ಕುಪ್ಪಳಿಸಿತು. ಇವರು ಒತ್ತಲಿಲ್ಲ. ಗಂಟೆ ಹೊಡೆಯಿತು, ಇವರು ಹೊರಗೆ ಬಿದ್ದರು. ಮರುವಾರ ಗಿಳಿ ಮತ್ತೆ ಹಾಗೆಯೇ ಬಂದು ನಿಂತಿತು. ಮಗುವಿಗೆ ಬೇಜಾರಾಗಬಾರದೆಂದು ಇವರು ಒತ್ತಿದರು. ಬಾಲ ಇವರಿಗೆ ಬಂತು. ಗಿಳಿ ಹೊರಗೆ ಬಿತ್ತು. ಇವರ ನೀಲಿ ಗೊಂಬೆ ಒಂಟಿಯಾಗಿ ಮುಂದಿನ ಸುತ್ತಿಗೆ ಹೋಗಿ ಗೆರೆಯ ಮೇಲೆ ನಡುಗುತ್ತಾ ನಿಂತಿತು. ಟ್ಯಾಬನ್ನು ನನ್ನ ತೊಡೆಯ ಮೇಲಿಟ್ಟು, ಎದ್ದು ಕಿಟಕಿಯ ಹತ್ತಿರ ಹೋದರು.

ಬಹಳ ಹೊತ್ತಾದ ಮೇಲೆ, "ಬರೀರಿ ವೈನಿ" ಎಂದರು. "ಬಾಲದ ಸುತ್ತಿನಲ್ಲಿ ಇಬ್ಬರೂ ಉಳಿಯಬೇಕಾದರೆ ಮೂರನೆಯವರಿಂದ ಕಸಿಯಲೇಬೇಕು. ಕಲಿಯತಕ್ಕದ್ದು."

ಎಪ್ಪತ್ತು ದಾಟಿದ ಮನುಷ್ಯ ವಾರವಿಡೀ ನಮ್ಮ ಪಡಸಾಲೆಯಲ್ಲಿ ಕೂತು ಕಸಿಯುವುದನ್ನು ಕಲಿತರು.

ಪುಸ್ತಕದ ಮೊದಲ ಪುಟದಲ್ಲಿ ಒಂದೇ ನಿಯಮ ಇದೆ. ಅದನ್ನು ನನ್ನಿಂದ ಕೆಂಪು ಪೆನ್ನಿನಲ್ಲಿ ಬರೆಸಿ, ಕೆಳಗೆ ಎರಡು ಗೆರೆ ಎಳೆಸಿದರು. "ಮೈಕಿನ ಗುರುತನ್ನು ಯಾವ ಕಾರಣಕ್ಕೂ ಮುಟ್ಟಬಾರದು. ಮಾತಾಡಿದರೆ ಆ ಮನೆಯಲ್ಲಿ ಕೇಳಿಸುತ್ತದೆ. ಕೇಳಿಸಿದರೆ ಆಟವೇ ನಿಲ್ಲುತ್ತದೆ." ಆ ಹುಡುಗಿಯೂ ಒಂದು ದಿನ ಮಾತಾಡಿದ್ದಿಲ್ಲ. ಕೈ ಬೀಸುವುದು, ಕುಪ್ಪಳಿಸುವುದು, ಇಷ್ಟೇ. ಒಮ್ಮೆ ಬೀಸಿದರೆ ಬಂದೆ ಅಂತ, ಎರಡು ಸಲ ಬೀಸಿದರೆ ಹೋಗುತ್ತೇನೆ ಅಂತ. ಅದನ್ನೂ ಪುಸ್ತಕದಲ್ಲಿ ಬರೆದಿದ್ದೇನೆ.

ಮಳೆಗಾಲದಲ್ಲಿ ಅವರಿಗೆ ಉಸಿರಾಟದ ತೊಂದರೆಯಾಗಿ ಆಸ್ಪತ್ರೆಗೆ ಸೇರಿಸಿದರು. ಹೋಗುವಾಗ ಆಟೋದಲ್ಲಿ ಕೂತವರು ಇಳಿದು ಬಂದು ಟ್ಯಾಬ್ ನನ್ನ ಕೈಗೆ ಕೊಟ್ಟರು. "ಶನಿವಾರಕ್ಕ ನಾ ಬರೂದು ಆಗಲಿಕ್ಕಿಲ್ಲ. ಐದಕ್ಕ ಚಾಲೂ ಮಾಡ್ರಿ. ಆಡೂದು ಬ್ಯಾಡ. ಗೊಂಬಿ ಗೆರಿ ಮ್ಯಾಲ ಕಂಡರ ಸಾಕು. ಮುತ್ಯಾ ಬಂದಾನ ಅಂತ ಆಕೀಗೆ ಗೊತ್ತಾಗಲಿ. ಪುಸ್ತಕದಾಗ ಇದ್ದಂಗ ಮಾಡ್ರಿ, ಅಷ್ಟ."

ಆ ಶನಿವಾರ ನೀವಿಬ್ಬರೂ ಟ್ಯೂಷನ್ನಿನಲ್ಲಿದ್ದಿರಿ. ನಿಮ್ಮ ಅಮ್ಮ ಆಫೀಸಿನಲ್ಲಿದ್ದಳು. ಐದು ಗಂಟೆಗೆ ಚಾಲೂ ಮಾಡಿದೆ. ಆಟ ಶುರುವಾಗುವ ಮೊದಲು ಕಾಯುವ ಒಂದು ಅಂಗಳ ಇರುತ್ತದಲ್ಲ, ಅಲ್ಲಿ ಗಿಳಿ ಬಂದು ನಿಂತಿತು. ಒಮ್ಮೆ ಕೈ ಬೀಸಿತು. ನಾನೂ ಗುಂಡಿ ಒತ್ತಿ ಬೀಸಿದೆ.

ಆಗ ಟ್ಯಾಬಿನಿಂದ ದನಿ ಬಂತು. ತೆಳುವಾದ ದನಿ, ಒಂಬತ್ತು ವರ್ಷದ್ದು.

"ಮುತ್ಯಾ! ಮುತ್ಯಾ, ಇವತ್ತು ಮನ್ಯಾಗ ಯಾರೂ ಇಲ್ಲ. ಮಾತಾಡು."

ನಾನು ತಿರುಗಿ ನಮ್ಮ ಬಾಗಿಲ ಕಡೆ ನೋಡಿದೆ.

"ನಾವು ಪುಣೆಗೆ ಹೋಗಾಕತ್ತೀವಿ. ಅಮ್ಮಗ ಅಲ್ಲೇ ನೌಕರಿ ಸಿಕ್ಕೈತಿ. ಈ ಟ್ಯಾಬ್ ಮಾಮಾ ವಾಪಸ್ ತಗೋತಾನ. ನಿನ್ನ ನಂಬರ್ ಹೇಳು ಮುತ್ಯಾ, ನನ್ನ ಹಿಂದಿ ಬುಕ್ಕಿನ್ಯಾಗ ಬರ್ಕೋತೀನಿ. ಜಲ್ದಿ ಹೇಳು, ಅಮ್ಮ ಬರತಾಳ."

ಅವರ ನಂಬರ್ ಪುಸ್ತಕದ ಹಿಂದಿನ ರಟ್ಟಿನ ಮೇಲೆ ನನ್ನ ಅಕ್ಷರದಲ್ಲೇ ಇತ್ತು. ಪುಸ್ತಕ ನನ್ನ ತೊಡೆಯ ಮೇಲೆ ಇತ್ತು. ಮೈಕಿನ ಗುರುತು ನನ್ನ ಬೆರಳಿನ ಕೆಳಗೆ ಇತ್ತು. ಹತ್ತು ಅಂಕಿ ಓದಿದ್ದರೆ ಸಾಕಿತ್ತು, ಮಕ್ಕಳೇ. ಆದರೆ ಪುಸ್ತಕದಲ್ಲಿ ಕೆಂಪು ಪೆನ್ನಿನಲ್ಲಿ ಮುಟ್ಟಬಾರದು ಎಂದಿತ್ತು. ಮಾಸ್ತರರು ಹೇಳಿದ್ದನ್ನು ಒಂದು ಒತ್ತು ಕೊಂಬು ಬಿಡದೆ ಪಾಲಿಸಿ ಬೆಳೆದವಳು ನಾನು. ಅದು ನಾನೇ ಬರೆದ ನಿಯಮ ಬೇರೆ. ಅಲ್ಲಿ ಯಾರೋ ಕೇಳಿಸಿಕೊಂಡರೆ? ನನ್ನ ದನಿ ಕೇಳಿ ಮಗು ಹೆದರಿದರೆ? ಹೀಗೆಲ್ಲ ಅಂದುಕೊಂಡೆ ಎಂದು ಈಗ ಹೇಳಬಹುದು. ನಿಜ ಹೇಳಬೇಕೆಂದರೆ ನನ್ನ ಬಾಯಿ ಏಳಲಿಲ್ಲ. ಮನೆಯ ಫೋನಿನ ಗಂಟೆ ಹೊಡೆದರೆ ಒಳಕೋಣೆಗೆ ಹೋಗಿ ನಿಲ್ಲುತ್ತಿದ್ದವಳು ನಾನು. ನಾಚಿಕೆ ಎನ್ನುತ್ತಾರೆ ಅದಕ್ಕೆ. ನಿಮ್ಮ ಅಜ್ಜ ಅದನ್ನು ಒಳ್ಳೆಯ ಗುಣ ಎಂದು ಹೊಗಳುತ್ತಿದ್ದರು.

"ಮುತ್ಯಾ, ಇವತ್ತ್ಯಾಕ ಸುಮ್ಮ ನಿಂತೀ? ನಡಗವಲ್ಲಿ?"

ನೀಲಿ ಗೊಂಬೆ ಕಂಬದ ಹಾಗೆ ನಿಂತಿತ್ತು.

"ಸಿಟ್ಟಾಗೀಯೇನು? ಆವತ್ತ ನಾ ಬಾಯ್ ಹೇಳದ ಬಂದೆ ಅಂತ ಸಿಟ್ಟೇನು?"

ಆಮೇಲೆ, "ಆತ್ ಬಿಡು" ಎಂದಳು. ಗಿಳಿ ಮೂರು ಸಲ ಕೈ ಬೀಸಿತು. ಅದರ ಹೆಸರು ಬೂದು ಬಣ್ಣಕ್ಕೆ ತಿರುಗಿತು.

ಮಂಗಳವಾರ ಗಾರ್ಡ್ ಸಾಬರು ಆಸ್ಪತ್ರೆಯಿಂದ ಬಂದವರು ತಮ್ಮ ಕೋಣೆಗೂ ಹೋಗದೆ ನೇರ ನಮ್ಮ ಬಾಗಿಲಿಗೆ ಬಂದರು.

"ಬಂದಿದ್ಳೇನ್ರೀ?"

"ಬಂದಿದ್ಳರಿ. ಕೈ ಬೀಸಿದಳು."

"ಎಷ್ಟ್ ಸಲ?"

"ಮೂರು ಸಲ."

"ಮೂರು ಸಲ!" ಅವರ ಮುಖ ಅರಳಿತು. "ಯಾವತ್ತೂ ಮೂರು ಸಲ ಬೀಸಿಲ್ಲರಿ. ಭಾಳ ಖುಷಿಯಾಗಿರಬೇಕು. ಬರೀರಿ, ಬರೀರಿ, ಪುಸ್ತಕದಾಗ ಬರೀರಿ." ನಾನು ಬರೆದೆ. ಆ ಸಾಲು ಈಗಲೂ ಇದೆ.

ಮುಂದಿನ ಶನಿವಾರ ಗಿಳಿ ಬರಲಿಲ್ಲ. ಅದರ ಮುಂದಿನ ಶನಿವಾರವೂ ಬರಲಿಲ್ಲ. "ಪರೀಕ್ಷೆ ಇರಬೇಕು" ಎಂದರು. "ಜ್ವರ ಬಂದಿರಬೇಕು" ಎಂದರು. ಸ್ಟೇಷನ್ನಿನ ಆಚೆಯ ಔಟರ್ ಸಿಗ್ನಲ್ಲಿನಲ್ಲಿ ಗೂಡ್ಸ್ ಗಾಡಿ ಒಂದೊಂದು ಸಲ ಇಡೀ ಹಗಲು ನಿಲ್ಲುತ್ತಿತ್ತಂತೆ. ಯಾಕೆ ನಿಲ್ಲಿಸಿದ್ದಾರೆಂದು ಗಾರ್ಡ್‌ಗೆ ಯಾರೂ ಹೇಳುತ್ತಿರಲಿಲ್ಲವಂತೆ. "ಕುಂತಿರೂದ ನಮ್ಮ ನೌಕರಿ ವೈನಿ" ಎಂದು ಬಿಳಿ ಅಂಗಿ ತೊಟ್ಟು ಬಂದು ಕೂತರು. ಒಂದು ವರ್ಷ ಮೇಲೆ ಮೂರು ತಿಂಗಳು ಕೂತರು. ನೀವು ಆ ಆಟ ಬಿಟ್ಟು ಬೇರೆ ಆಟಕ್ಕೆ ಹೋದಿರಿ. ಅವರು ಬಿಡಲಿಲ್ಲ. "ಆಕಿ ಬರೂದರಾಗ ಪೂರಾ ಕಲತಿರಬೇಕು" ಎಂದು ಒಂದೊಂದು ಸುತ್ತಿಗೂ ಹೊಸ ಉಪಾಯ ಬರೆಸಿದರು. ಒಂದು ದಿನ ಐದೂ ಸುತ್ತು ದಾಟಿ ಕಿರೀಟವನ್ನೇ ಗೆದ್ದರು. ಪರದೆಯ ತುಂಬ ಬಣ್ಣದ ಕಾಗದ ಹಾರಿತು. ಅವರು ಅದನ್ನು ನೋಡಲೇ ಇಲ್ಲ. ಮೂಲೆಯಲ್ಲಿದ್ದ ಬೂದು ಹೆಸರನ್ನೇ ನೋಡುತ್ತಿದ್ದರು.

ಹೇಳಬೇಕೆಂದು ಎಷ್ಟು ಸಲ ಬಾಯಿ ತೆರೆದೆನೋ. "ಗಾರ್ಡ್ ಸಾಬ್" ಎಂದರೆ, "ಹೇಳ್ರಿ ವೈನಿ" ಎಂದು ತಿರುಗುತ್ತಿದ್ದರು. ಆ ಮುಖ ನೋಡಿ, "ಚಹಾಕ್ಕ ಸಕ್ರಿ ಕಡಿಮಿ ಆತೇನ್ರಿ?" ಎಂದು ಕೇಳುತ್ತಿದ್ದೆ.

ಒಂದು ಸಲ ಸುಳ್ಳು ಹೇಳಿ ಮನೆಯಿಂದ ಹೊರಟು, ಮೆಟ್ರೋ ಹತ್ತಿ ಸಿಕಂದರಾಬಾದಿಗೆ ಹೋದೆ. ಆ ಬೀಗರ ಮನೆಯ ವಿಳಾಸ ಅವರು ಎಂದೋ ಹೇಳಿದ್ದರು. ಹೆಸರು ಹಿಡಿದು ಕೇಳಿ, ಪುಣೆಯ ನಂಬರ್ ತಂದು ಕೊಟ್ಟುಬಿಡಬೇಕೆಂದು ದಾರಿಯುದ್ದಕ್ಕೂ ಮಾತು ಹೊಂದಿಸಿಕೊಂಡಿದ್ದೆ. ಗೇಟಿನ ಮುಂದೆ ನಿಂತೆ. ಬಾಲ್ಕನಿಯಲ್ಲಿ ಬಟ್ಟೆ ಹರವುತ್ತಿದ್ದ ಹೆಂಗಸು, "ಎವರು ಕಾವಾಲಮ್ಮಾ?" ಎಂದು ತೆಲುಗಿನಲ್ಲಿ ಕೇಳಿದಳು. ಯಾರು ಬೇಕು ಅಂತ. ನಾನು ತಲೆ ಅಲ್ಲಾಡಿಸಿ, ಮನೆ ತಪ್ಪಿದವಳ ಹಾಗೆ ಸೆರಗು ಹೊದ್ದು ತಿರುಗಿ ಬಂದೆ.

ಕಳೆದ ತಿಂಗಳು ಅವರು ಶುಕ್ರವಾರ ಬೆಳಿಗ್ಗೆ ಹೋದರು. ಮಗ ಬಂದ. ಕೋಣೆ ಖಾಲಿ ಮಾಡಿದ. ಟ್ಯಾಬನ್ನು ನಾನೇ ತೆಗೆದುಕೊಂಡು ಹೋಗಿ ಕೊಟ್ಟೆ. ಅವನು ನನ್ನ ಎದುರಿಗೇ ಅದರಲ್ಲಿದ್ದದ್ದನ್ನೆಲ್ಲ ಅಳಿಸಿ, ಯಾರಿಗೋ ಕೊಡಬೇಕೆಂದು ಚೀಲಕ್ಕೆ ಹಾಕಿಕೊಂಡ. ಅಳಿಸಬೇಡ ಎಂದು ಕೂಡ ನನ್ನ ಬಾಯಿಂದ ಬರಲಿಲ್ಲ. ಹೀಗೆ ಆ ನೀಲಿ ಗೊಂಬೆಯೂ ಹೋಯಿತು. ಅವರ ಫೋನಿನ ನಂಬರ್ ಈಗ ಯಾರಿಗೂ ಹತ್ತುವುದಿಲ್ಲ. ಪುಸ್ತಕ ನನ್ನ ಹತ್ತಿರ ಉಳಿಯಿತು, ಬರೆದವಳು ನಾನಾದ್ದರಿಂದ.

ಶ್ರೇಯಾ, ಅವರು ನಮಗೇನು ಆಗಬೇಕು ಎಂದು ಕೇಳಿದೆಯಲ್ಲ, ಏನೂ ಆಗಬೇಕಿರಲಿಲ್ಲ. ನಂಬಿ ಒಂದು ಕೆಲಸ ಒಪ್ಪಿಸಿದ್ದರು. ಅವರು ತಿಳಿಯದೇ ಹೋದರು. ಅದು ಒಳ್ಳೆಯದಾಯಿತು ಎಂದು ನನ್ನ ಮನಸ್ಸು ಒಮ್ಮೊಮ್ಮೆ ಹೇಳುತ್ತದೆ. ಆ ಮಾತು ನನಗೆ ಅಸಹ್ಯವಾಗುತ್ತದೆ. ಆ ಹುಡುಗಿಗೆ ಈಗ ಹನ್ನೊಂದು ಆಗಿರಬೇಕು. ತಾತ ಸಿಟ್ಟಾಗಿ ತನ್ನ ಜೊತೆ ಮಾತು ಬಿಟ್ಟ ಎಂದು ತಿಳಿದುಕೊಂಡೇ ಅವಳು ಬೆಳೆಯುತ್ತಿದ್ದಾಳೆ. ತಾತ ಸತ್ತದ್ದು ಅವಳಿಗೆ ಯಾರು ಹೇಳುತ್ತಾರೆ?

ಅವಳು ಹುಡುಕಿಕೊಂಡು ಬರುತ್ತಾಳೆ ಎಂದು ನಾನು ನಂಬಿಲ್ಲ. ಯಾವ ವಿಳಾಸಕ್ಕೆ ಬರಬೇಕು? ಆದರೂ ಈ ಹಾಳೆಗಳನ್ನು ಅವರ ನೋಟ್‌ಬುಕ್ಕಿನೊಳಗೆ ಇಟ್ಟು ನಿಮ್ಮ ಹತ್ತಿರ ಇಟ್ಟುಕೊಳ್ಳಿ. ಮನೆ ಬದಲಿಸುವಾಗ ರದ್ದಿಗೆ ಹಾಕಬೇಡಿ, ನೀರು ತಾಗದ ಕಡೆ ಇಡಿ. ಎಂದಾದರೂ ಒಬ್ಬಳು ಬಂದು ಕೇಳಿದರೆ ನನ್ನ ಹಾಗೆ ಸುಮ್ಮನೆ ನಿಲ್ಲಬೇಡಿ. ಅವತ್ತು ಆ ಗೊಂಬೆಯ ಹಿಂದೆ ಇದ್ದದ್ದು ನಿನ್ನ ಮುತ್ಯಾ ಅಲ್ಲ, ನಮ್ಮ ಆಯಿ ಎಂದು ಬಾಯಿಬಿಟ್ಟು ಹೇಳಿ.